‘ಎ’ಗೂ ‘ದಿ’ಗೂ ನಡುವೆ ಒಂದು ಕುರ್ಚಿ

ಮೊನ್ನೆ ದೀಪಾವಳಿಯ ರಜೆಯಲ್ಲಿ ನನ್ನ ಹಳೆಯ ವಿದ್ಯಾರ್ಥಿನಿಯೊಬ್ಬಳು ಮಗಳನ್ನು ಕರೆದುಕೊಂಡು ಬಿಜೈಯ ನಮ್ಮ ಮನೆಗೆ ಬಂದಿದ್ದಳು. ಹೆಸರು ಹೇಳುವುದಿಲ್ಲ. 1986ರ ಸುಮಾರಿಗೆ ನನ್ನ ಎಂಟನೆಯ ತರಗತಿಯಲ್ಲಿ ಕುಳಿತಿದ್ದವರಿಗೆ ಓದುತ್ತಾ ಹೋದಂತೆ ಗೊತ್ತಾದೀತು. ಗೊತ್ತಾದವರು ದಯವಿಟ್ಟು ಗೊತ್ತಾಗದವರಂತೆಯೇ ಇರಬೇಕು. ಆಕೆ ಈಗ ಹೊರರಾಜ್ಯವೊಂದರಲ್ಲಿ ನರ್ಸಿಂಗ್ ಕಾಲೇಜಿನ ಅಧ್ಯಾಪಕಿ. ಮಗಳು ಮಂಗಳೂರಿನಲ್ಲೇ ಅಜ್ಜಿಯ ಮನೆಯಲ್ಲಿದ್ದುಕೊಂಡು ನರ್ಸಿಂಗ್ ಎರಡನೆಯ ವರ್ಷ ಓದುತ್ತಿದ್ದಾಳೆ.

ಮಾತಿನ ನಡುವೆ ಆಕೆ ನಗುತ್ತಾ ಕೇಳಿದಳು: “ಸರ್, ದಿಲ್ಲಿಯಲ್ಲಿ ನರ್ಸುಗಳಿಗೆ ಹೊಸ ಕಾನೂನು ಮಾಡಿದ್ದಾರಲ್ಲ, ಅದರಲ್ಲಿ ‘ಎ’ ಇದೆಯೋ ‘ದಿ’ ಇದೆಯೋ ನೋಡಿದಿರಾ?”

ನನ್ನ ಮನೆಯಾಕೆಯೂ ನಕ್ಕಳು. ನನಗೆ ನಗಲಾಗಲಿಲ್ಲ. ಆ ಒಂದಕ್ಷರದ ಹಿಂದೆ ನನ್ನದೊಂದು ದೊಡ್ಡ ತಪ್ಪು ಇದೆ. ಅದನ್ನು ಹನ್ನೆರಡು ವರ್ಷಗಳಿಂದ ಯಾರಿಗೂ ಹೇಳಿಕೊಂಡಿರಲಿಲ್ಲ. ವಯಸ್ಸಾಯಿತು, ಇನ್ನು ಮುಚ್ಚಿಟ್ಟುಕೊಂಡು ಸಾಧಿಸುವುದೇನು ಎಂದುಕೊಂಡು ಇಂದು ಬರೆಯಲು ಕುಳಿತಿದ್ದೇನೆ.

ನನ್ನ ಇಂಗ್ಲಿಷ್ ವ್ಯಾಕರಣದ ಪಾಠ ಕೇಳಿದವರಿಗೆ ನೆನಪಿರಬಹುದು, ‘ಎ’, ‘ಆನ್’, ‘ದಿ’ ಈ ಮೂರಕ್ಕೆ ನಾನು ಇಡೀ ಒಂದು ವಾರ ತೆಗೆದುಕೊಳ್ಳುತ್ತಿದ್ದೆ. ನಮ್ಮ ಕನ್ನಡಕ್ಕೂ ತುಳುವಿಗೂ ಈ ಉಪದ್ರವವಿಲ್ಲ. ‘ಅಂಗಡಿಗೆ ಹೋದೆ’ ಎಂದರೆ ಯಾವ ಅಂಗಡಿ ಎಂಬುದು ಮನೆಯವರಿಗೆ ತಿಳಿದೇ ಇರುತ್ತದೆ. ಇಂಗ್ಲಿಷಿನವನು ಮಾತ್ರ ಯಾವುದೋ ಒಂದು ಅಂಗಡಿಯೋ, ನಿನಗೂ ನನಗೂ ಗೊತ್ತಿರುವ ಆ ಅಂಗಡಿಯೋ ಎಂದು ಪ್ರತಿ ಸಲವೂ ಬಿಡಿಸಿ ಹೇಳಬೇಕು. ಈ ಅಕ್ಷರಗಳನ್ನು ತಪ್ಪಿದರೆ ಅರ್ಥ ತಪ್ಪುತ್ತದೆ ಎಂದು ನಾನು ಬೆತ್ತ ಮೇಜಿಗೆ ಬಡಿದು ಹೇಳುತ್ತಿದ್ದುದುಂಟು. ಕೊನೆಗೆ ತಪ್ಪಿದವನು ನಾನೇ.

2013ರ ಮಳೆಗಾಲದಲ್ಲಿ ಒಂದು ರಾತ್ರಿ ಆಕೆ ದೂರವಾಣಿ ಮಾಡಿದಳು. ಆಕೆ ಕೆಲಸ ಮಾಡುವ ರಾಜ್ಯದ ನರ್ಸಿಂಗ್ ಕೌನ್ಸಿಲಿಗೆ ಚುನಾವಣೆ ಬಂದಿತ್ತು. ನರ್ಸಿಂಗ್ ಅಧ್ಯಾಪಕರಿಗೆಂದು ಇದ್ದ ಒಂದು ಸ್ಥಾನಕ್ಕೆ ಸಹೋದ್ಯೋಗಿಗಳು ಆಕೆಯನ್ನು ನಿಲ್ಲಿಸಬೇಕೆಂದಿದ್ದರು. ಅಡ್ಡಿಯೊಂದಿತ್ತು. ಆಕೆಯ ಹೆಸರು ಇದ್ದದ್ದು ಕರ್ನಾಟಕದ ರಿಜಿಸ್ಟರಿನಲ್ಲಿ. ಆ ರಾಜ್ಯದ ರಿಜಿಸ್ಟರಿಗೆ ವರ್ಗಾಯಿಸಲು ಅರ್ಜಿ ಕೊಟ್ಟಿದ್ದಳು, ಹಣ ಕಟ್ಟಿದ ರಸೀದಿಯೂ ಕೈಯಲ್ಲಿತ್ತು. ಪ್ರಮಾಣಪತ್ರ ಮಾತ್ರ ಬಂದಿರಲಿಲ್ಲ. ನಾಮಪತ್ರಗಳ ಪರಿಶೀಲನೆಗೆ ಒಂಬತ್ತು ದಿನ ಉಳಿದಿತ್ತು.

“ಸರ್, ಕಾನೂನಿನಲ್ಲಿ ‘ಎನ್‌ರೋಲ್ಡ್ ಇನ್ ಎ ಸ್ಟೇಟ್ ರಿಜಿಸ್ಟರ್’ ಎಂದು ಇದೆಯಂತೆ. ಅದಕ್ಕೆ ಏನು ಅರ್ಥ ಬರುತ್ತದೆ? ನೀವು ಹೇಳಿದರೆ ನನಗೆ ಧೈರ್ಯ.”

‘ನೀವು ಹೇಳಿದರೆ ನನಗೆ ಧೈರ್ಯ’ ಎಂಬ ಮಾತಿಗಿಂತ ಅಪಾಯಕಾರಿಯಾದ ಮಾತನ್ನು ನಿವೃತ್ತ ಮೇಷ್ಟ್ರಿಗೆ ಯಾರೂ ಹೇಳಬಾರದು. ನಿವೃತ್ತನಾಗಿ ಒಂಬತ್ತು ವರ್ಷವಾಗಿತ್ತು, ಯಾರೂ ನನ್ನನ್ನು ವ್ಯಾಕರಣ ಕೇಳಿರಲಿಲ್ಲ. ಮರುದಿನ ಬೆಳಿಗ್ಗೆಯೇ ಸೋದರಳಿಯನಿಂದ ಕಾನೂನಿನ ಪ್ರತಿ ತರಿಸಿಕೊಂಡು ಕನ್ನಡಕ ಒರೆಸಿ ಕುಳಿತೆ.

ಅದು 1947ರ ಭಾರತೀಯ ನರ್ಸಿಂಗ್ ಕೌನ್ಸಿಲ್ ಕಾಯಿದೆ. ಅದರ ಮೂರನೆಯ ಕಲಮಿನಲ್ಲಿ ಯಾರು ಯಾರು ಕೌನ್ಸಿಲಿನಲ್ಲಿ ಕುಳಿತುಕೊಳ್ಳಬಹುದೆಂಬ ಉದ್ದನೆಯ ಪಟ್ಟಿ ಇದೆ. ನನ್ನಂಥವನಿಗೆ ಅದು ಒಂದು ಕಥೆಯಂತೆ ಓದಿಸಿಕೊಂಡು ಹೋಯಿತು. ಪ್ರತಿಯೊಂದು ರಾಜ್ಯ ಕೌನ್ಸಿಲು ಆರಿಸುವ ಒಬ್ಬೊಬ್ಬ ನರ್ಸು, ನರ್ಸಿಂಗ್ ಪದವಿ ಕಲಿಸುವ ಸಂಸ್ಥೆಗಳ ಮುಖ್ಯಸ್ಥರು ತಮ್ಮೊಳಗೆ ಆರಿಸುವ ಇಬ್ಬರು, ವೈದ್ಯರ ಕೌನ್ಸಿಲಿನಿಂದ ಒಬ್ಬರು, ಭಾರತೀಯ ವೈದ್ಯಕೀಯ ಸಂಘದಿಂದ ಒಬ್ಬರು, ತರಬೇತಾದ ನರ್ಸುಗಳ ಸಂಘದಿಂದ ಒಬ್ಬರು, ಸೈನ್ಯದ ಮುಖ್ಯ ಮೇಟ್ರನ್, ಪ್ರತಿ ರಾಜ್ಯದ ವೈದ್ಯಕೀಯ ಆಡಳಿತದ ಮುಖ್ಯಾಧಿಕಾರಿ, ಪಾರ್ಲಿಮೆಂಟಿನಿಂದ ಮೂವರು. ಇಷ್ಟಲ್ಲದೆ ಕೇಂದ್ರ ಸರ್ಕಾರ ನಾಮಕರಣ ಮಾಡುವ ನಾಲ್ವರು. ಆ ನಾಲ್ವರಲ್ಲಿ ಕನಿಷ್ಠ ಇಬ್ಬರು ನೋಂದಾಯಿತ ನರ್ಸು, ಸೂಲಗಿತ್ತಿ ಅಥವಾ ಆರೋಗ್ಯ ಸಂದರ್ಶಕಿಯರಾಗಿರಬೇಕು, ಒಬ್ಬರು ‘ಅನುಭವಿ ಶಿಕ್ಷಣತಜ್ಞ’ರಾಗಿರಬೇಕು. ಇದನ್ನು ಓದಿದ ನನ್ನ ಮನೆಯಾಕೆ, “ಹಾಗಾದರೆ ನಿಮಗೂ ಒಂದು ಕುರ್ಚಿ ಇದೆಯಲ್ಲ, ಇಂಜೆಕ್ಷನ್ ಕಂಡರೆ ಹೆದರುವವರಿಗೆ!” ಎಂದಳು.

ತಮಾಷೆಯಂತಿದ್ದರೂ ಆ ಮಾತಿನಲ್ಲಿ ಸತ್ಯವಿತ್ತು. ಪಟ್ಟಿಯಲ್ಲಿ ವೈದ್ಯರು ತಮ್ಮ ಹುದ್ದೆಯ ಬಲದಿಂದ ಬಂದು ಕುಳಿತುಕೊಳ್ಳುತ್ತಾರೆ, ಸಂಸದರು ಸಂಸದರೆಂಬ ಕಾರಣಕ್ಕೆ ಬರುತ್ತಾರೆ. ಅವರನ್ನು ಯಾರೂ ‘ನಿನ್ನ ನೋಂದಣಿ ಸಂಖ್ಯೆ ಎಷ್ಟು, ಎಂದು ನವೀಕರಿಸಿದ್ದು’ ಎಂದು ಕೇಳುವುದಿಲ್ಲ. ನರ್ಸುಗಳ ಕೌನ್ಸಿಲಿಗೆ ಬರುವ ನರ್ಸು ಮಾತ್ರ ತಾನು ನರ್ಸು ಹೌದೆಂದು ಕಾಗದದಲ್ಲಿ ತೋರಿಸಬೇಕು. ಅದು ಅಗತ್ಯವೇ ಇರಬಹುದು, ಅಲ್ಲವೆನ್ನುವುದಿಲ್ಲ. ಆದರೆ ಆ ಕಾಗದವನ್ನು ಕೊಡಬೇಕಾದ ಕಚೇರಿಯೂ ಅದೇ ಕೌನ್ಸಿಲಿನದು. ಕುರ್ಚಿಗೆ ಹೋಗುವ ದಾರಿಯ ಕೀಲಿಕೈ ಆ ಕುರ್ಚಿಯ ಪಕ್ಕದ ಮೇಜಿನಲ್ಲೇ ಇದೆ.

ಈಗ ನನ್ನ ‘ಎ’ ಎಂಬ ಅಕ್ಷರಕ್ಕೆ ಬರುತ್ತೇನೆ. ಮೊದಲ ಉಪಕಲಮಿನ ಮೊದಲ ಸಾಲಿನಲ್ಲಿ ರಾಜ್ಯ ಕೌನ್ಸಿಲು ಆರಿಸಬೇಕಾದ ನರ್ಸು ‘ಎ ಸ್ಟೇಟ್ ರಿಜಿಸ್ಟರ್’ನಲ್ಲಿ ಹೆಸರಿರುವವಳಾಗಿರಬೇಕು ಎಂದಿದೆ. ‘ದಿ’ ಅಲ್ಲ, ‘ಎ’. ಅಂದರೆ ಯಾವುದಾದರೊಂದು ರಾಜ್ಯದ ರಿಜಿಸ್ಟರು ಎಂದಾಗುತ್ತದೆ, ಆರಿಸುವ ರಾಜ್ಯದ್ದೇ ಆಗಬೇಕೆಂದು ಅಲ್ಲಿ ಹೇಳಿಲ್ಲ. ನನಗೆ ಪರಮಾನಂದವಾಯಿತು. ನಲವತ್ತು ವರ್ಷ ಕಲಿಸಿದ ಪಾಠ ದೇಶದ ಕಾನೂನಿನಲ್ಲೇ ಸಿಕ್ಕಿತಲ್ಲ! ಆ ಸಂಜೆಯೇ ಕರೆ ಮಾಡಿ, “ನಿನ್ನ ಕರ್ನಾಟಕದ ಸಂಖ್ಯೆ ಸಾಕು ಮಗಾ. ಹೆದರಬೇಡ, ನಾಮಪತ್ರ ಹಾಕು” ಎಂದೆ.

ಆಕೆ ಹಾಕಿದಳು. ಪರಿಶೀಲನೆಯ ದಿನ ಅದು ತಿರಸ್ಕೃತವಾಯಿತು.

ನಾನು ಓದಿದ್ದು ದಿಲ್ಲಿಯ ಕೌನ್ಸಿಲಿಗೆ ರಾಜ್ಯದಿಂದ ಹೋಗುವ ಪ್ರತಿನಿಧಿಯ ಕಲಮನ್ನು. ಆಕೆ ನಿಂತದ್ದು ಆ ರಾಜ್ಯದ ಸ್ವಂತ ಕೌನ್ಸಿಲಿಗೆ. ಅದಕ್ಕೆ ಅನ್ವಯಿಸುತ್ತಿದ್ದುದು ಆ ರಾಜ್ಯದ್ದೇ ಬೇರೆ ಕಾನೂನು, ಬೇರೆ ನಿಯಮ. ಅಲ್ಲಿ ಇದ್ದದ್ದು ‘ದಿ ರಿಜಿಸ್ಟರ್’ ಎಂಬ ಮಾತು. ವ್ಯಾಕರಣ ಸರಿಯಾಗಿತ್ತು, ಪುಸ್ತಕ ತಪ್ಪಾಗಿತ್ತು. ಪರೀಕ್ಷೆಯಲ್ಲಿ ಪ್ರಶ್ನೆಯನ್ನೇ ತಪ್ಪಾಗಿ ಓದಿ ಪುಟಗಟ್ಟಲೆ ಬರೆದ ಹುಡುಗರಿಗೆ ನಾನು ಎಷ್ಟು ಸಲ ಸೊನ್ನೆ ಹಾಕಿಲ್ಲ!

ಇಲ್ಲಿ ನನ್ನನ್ನು ಇಂದಿಗೂ ಚುಚ್ಚುವ ಸಂಗತಿ ಬೇರೆಯೇ ಇದೆ. ಆಕೆಗೆ ಒಂಬತ್ತು ದಿನ ಇತ್ತು. ನಾನು ಹಾಗೆ ಹೇಳದಿದ್ದರೆ ಆಕೆ ಅಂದೇ ರಾತ್ರಿ ಬಸ್ಸು ಹತ್ತಿ, ಆ ಕಚೇರಿಯ ಮುಂದಿನ ಬೆಂಚಿನ ಮೇಲೆ ಕುಳಿತು, ಗುಮಾಸ್ತರಿಂದ ಹಿಡಿದು ಮೇಲಿನವರವರೆಗೆ ಎಲ್ಲರನ್ನೂ ಕಾಡಿ ಪ್ರಮಾಣಪತ್ರ ತರುವವಳಿದ್ದಳು. ಹಾಗೆಂದು ಆಕೆಯ ತಾಯಿಯೇ ನನಗೆ ಮುಂದೊಂದು ದಿನ ಕದ್ರಿ ದೇವಸ್ಥಾನದ ಮೆಟ್ಟಿಲ ಬಳಿ ಸಿಕ್ಕಾಗ ಹೇಳಿದರು. “ಸರ್ ಹೇಳಿದ್ದಾರೆ, ಬೇಕಾಗಿಲ್ಲ ಅಂದಳು” ಎಂದಷ್ಟೇ ಹೇಳಿದರು. ಆ ಮಾತಿನಲ್ಲಿ ಆಕ್ಷೇಪ ಇರಲಿಲ್ಲ. ಅದಕ್ಕೇ ನನಗೆ ಹೆಚ್ಚು ನೋವಾಯಿತು.

ಈ ರಿಜಿಸ್ಟರಿನ ಗೋಳು ನಮ್ಮ ಮನೆಗೆ ಹೊಸದಲ್ಲ ಎಂಬುದು ಇನ್ನೂ ನಾಚಿಕೆಯ ವಿಷಯ. ನನ್ನ ಅಕ್ಕ ನರ್ಸು ಆಗಿದ್ದಳು. ನನಗಿಂತ ಹದಿನಾಲ್ಕು ವರ್ಷ ದೊಡ್ಡವಳು, ನನ್ನನ್ನು ಎತ್ತಿ ಆಡಿಸಿದವಳು. ನಮ್ಮ ಮೂಲ ಮನೆ ಮಂಜೇಶ್ವರದ ಹತ್ತಿರ. ಮದ್ರಾಸ್ ಮೈಲಿನಲ್ಲಿ ಅಕ್ಕ ತರಬೇತಿಗೆ ಹೊರಟಾಗ ನನಗೆ ಐದು ವರ್ಷ. ಆ ಕಾಲಕ್ಕೆ ನಮ್ಮಂಥ ಮನೆಗಳಿಂದ ಹುಡುಗಿಯರು ಆ ಕೆಲಸಕ್ಕೆ ಹೋಗುವುದು ಅಪರೂಪ. ‘ಕಂಡವರ ಮೈ ಮುಟ್ಟುವ ಕೆಲಸ’ ಎಂದು ದೊಡ್ಡಪ್ಪ ಎರಡು ವರ್ಷ ನಮ್ಮ ಮನೆಯ ನೀರು ಮುಟ್ಟಲಿಲ್ಲ. ಮುಂದೆ ಅವರಿಗೆ ಲಕ್ವ ಹೊಡೆದಾಗ ಮೂರು ತಿಂಗಳು ಮಗ್ಗುಲು ಬದಲಾಯಿಸಿ, ಬೆನ್ನು ಹುಣ್ಣಾಗದಂತೆ ನೋಡಿಕೊಂಡವಳು ಅಕ್ಕನೇ. ಆದರೆ ಅದು ಬೇರೆ ಕಥೆ.

ನಮ್ಮ ದಕ್ಷಿಣ ಕನ್ನಡ ಆಗ ಮದ್ರಾಸ್ ಪ್ರಾಂತ್ಯದಲ್ಲಿತ್ತು. ಅಲ್ಲಿ 1926ರಲ್ಲೇ ನರ್ಸುಗಳ ಮತ್ತು ಸೂಲಗಿತ್ತಿಯರ ಕಾನೂನು ಆಗಿತ್ತು. ಹಾಗಾಗಿ 1954ರಲ್ಲಿ ಅಕ್ಕನ ಹೆಸರು ಸೇರಿದ್ದು ಮದ್ರಾಸಿನ ರಿಜಿಸ್ಟರಿನಲ್ಲಿ. ಆಕೆ ಕೆಲಸಕ್ಕೆ ಸೇರಿದ್ದು ಮಂಗಳೂರಿನ ಲೇಡಿ ಗೋಷನ್ ಆಸ್ಪತ್ರೆಯ ಹೆರಿಗೆ ವಾರ್ಡಿನಲ್ಲಿ. ಎರಡು ವರ್ಷ ಕಳೆಯುವಷ್ಟರಲ್ಲಿ 1956ರ ನವೆಂಬರ್ 1 ಬಂತು. ಅಂದು ಬೆಳಿಗ್ಗೆ ಎದ್ದಾಗ ಅಕ್ಕ ಕೆಲಸ ಮಾಡುತ್ತಿದ್ದ ಊರು ಮೈಸೂರು ರಾಜ್ಯದಲ್ಲಿತ್ತು, ಅಪ್ಪ ಅಮ್ಮ ಇದ್ದ ಮನೆ ಕೇರಳದಲ್ಲಿತ್ತು, ಅವಳ ನೋಂದಣಿ ಸಂಖ್ಯೆ ಮದ್ರಾಸಿನಲ್ಲಿತ್ತು. ಯಾರೂ ಒಂದಡಿ ಕದಲಿರಲಿಲ್ಲ. ಕಾಸರಗೋಡಿನ ಕಡೆಯ ನಮ್ಮ ಬಂಧುಗಳಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ.

ರಾಜ್ಯ ಪುನರ್ವಿಂಗಡಣೆಯ ಕಾಯಿದೆಯೇ ಹಳೆಯ ಕಾನೂನುಗಳು ಬದಲಾಗುವ ತನಕ ಆಯಾ ಪ್ರದೇಶದಲ್ಲಿ ಹಾಗೆಯೇ ನಡೆಯಲಿ ಎಂದಿತ್ತು. ಆಮೇಲೆ ಮೈಸೂರು ರಾಜ್ಯ ತನ್ನದೇ ನರ್ಸುಗಳ, ಸೂಲಗಿತ್ತಿಯರ ಮತ್ತು ಆರೋಗ್ಯ ಸಂದರ್ಶಕಿಯರ ಕಾಯಿದೆಯನ್ನು ಮಾಡಿಕೊಂಡದ್ದು 1961ರಲ್ಲಿ. ಇಂದು ಅದು ಕರ್ನಾಟಕದ ಹೆಸರಿನಲ್ಲಿದೆ. ಕಾನೂನಿನ ಪುಸ್ತಕದಲ್ಲಿ ಎಲ್ಲಿಯೂ ಬಿರುಕಿಲ್ಲ. ಆದರೆ ಕಚೇರಿಯ ಮೇಜಿನ ಮುಂದೆ ನಿಂತವರಿಗೆ ಬಿರುಕು ಕಾಣುತ್ತದೆ. ಯಾವ ಕಚೇರಿಯೆಂದು ಹೇಳುವುದಿಲ್ಲ, ಅಲ್ಲಿದ್ದವರು ಯಾರೂ ಈಗ ಉಳಿದಿಲ್ಲ. ಬಡ್ತಿಯ ಪಟ್ಟಿ ಆಗುವಾಗ ಅಕ್ಕನ ಕಾಗದ ನೋಡಿ ‘ಇದು ಹೊರರಾಜ್ಯದ ನೋಂದಣಿ’ ಎಂದು ಬದಿಗಿಟ್ಟರು. ಎಂಟು ವರ್ಷದಿಂದ ಅದೇ ಊರಿನಲ್ಲಿ ಹೆರಿಗೆ ಮಾಡಿಸುತ್ತಿದ್ದವಳು ಹೊರರಾಜ್ಯದವಳಾದಳು. ಅವಳಿಗಿಂತ ಕಿರಿಯರು ಹೆಡ್ ನರ್ಸು ಆದರು. ಎರಡು ವರ್ಷ ತಡವಾಗಿ ಅದು ಸರಿಹೋಯಿತು. ನಾನಾಗ ಹೈಸ್ಕೂಲಿನಲ್ಲಿದ್ದೆ. ಅವಳ ಪರವಾಗಿ ಇಂಗ್ಲಿಷಿನಲ್ಲಿ ಅರ್ಜಿ ಬರೆದುಕೊಟ್ಟವನು ನಾನೇ. ನನ್ನ ಜೀವನದ ಮೊದಲ ಇಂಗ್ಲಿಷ್ ಪತ್ರ ಅದು. ಅದರಲ್ಲಿ ‘ಎ’ ‘ದಿ’ಗಳು ಎಷ್ಟು ತಪ್ಪಿದ್ದವೋ ಏನೋ, ಅರ್ಥ ಮಾತ್ರ ಅವರಿಗೆ ತಲುಪಿತ್ತು.

ಕೌನ್ಸಿಲಿನಲ್ಲಿ ಯಾರು ಕುಳಿತಿದ್ದಾರೆಂದು ಅಕ್ಕನಿಗೆ ತಿಳಿದಿರಲಿಲ್ಲ. “ಯಾರೋ ದೊಡ್ಡ ಡಾಕ್ಟರು ಇರಬೇಕು ಮಾರಾಯ” ಎನ್ನುತ್ತಿದ್ದಳು. ಅಲ್ಲಿ ಕುಳಿತಿರುವವರು ತನ್ನಂಥವಳೂ ಆಗಬಹುದು ಎಂಬುದು ಅವಳ ಯೋಚನೆಗೇ ಬಂದಿರಲಿಲ್ಲ. ನನ್ನ ವಿದ್ಯಾರ್ಥಿನಿಗೆ ಅದು ಬಂದಿತ್ತು. ಒಂದು ತಲೆಮಾರಿನಲ್ಲಿ ಆದ ಬದಲಾವಣೆ ಅದು. ನಾನು ತಪ್ಪು ಪುಸ್ತಕ ಓದಿ ಅದಕ್ಕೆ ಅಡ್ಡ ಬಂದೆ.

ನರ್ಸು ಎಂದರೆ ಯಾರು ಎಂಬ ಜಗಳ ನಮ್ಮ ದೇಶದಲ್ಲೇ ಹುಟ್ಟಿದ್ದಲ್ಲ. ಇಂಗ್ಲೆಂಡಿನಲ್ಲಿ ಎತೆಲ್ ಬೆಡ್‌ಫರ್ಡ್ ಫೆನ್‌ವಿಕ್ ಎಂಬ ಮಹಿಳೆ ನರ್ಸುಗಳಿಗೆ ಸರ್ಕಾರಿ ರಿಜಿಸ್ಟರು ಬೇಕೆಂದು ಮೂವತ್ತು ವರ್ಷ ಹೋರಾಡಿದರು. ಫ್ಲಾರೆನ್ಸ್ ನೈಟಿಂಗೇಲರೇ ಅದನ್ನು ವಿರೋಧಿಸಿದ್ದರು. ಒಳ್ಳೆಯ ನರ್ಸಿನ ಗುಣವನ್ನು ಪುಸ್ತಕದಲ್ಲಿ ದಾಖಲಿಸಲಾಗದು ಎಂಬುದು ಆ ಪಕ್ಷದ ವಾದ. 1919ರಲ್ಲಿ ಕಾನೂನಾಯಿತು. ರಿಜಿಸ್ಟರು ತೆರೆದಾಗ ಮೊದಲನೆಯ ಸಂಖ್ಯೆಯಲ್ಲಿ ಬರೆದ ಹೆಸರು ಫೆನ್‌ವಿಕ್ ಅವರದೇ. ಆದರೆ ಅವರು 1887ರಲ್ಲಿ ಮದುವೆಯಾದಾಗಲೇ ಆಸ್ಪತ್ರೆಯ ಕೆಲಸ ಬಿಟ್ಟಿದ್ದರು. ನರ್ಸುಗಳು ಮತ ಹಾಕಿದ ಮೊದಲ ಚುನಾವಣೆಯಲ್ಲಿ ಸಂಖ್ಯೆ ಒಂದರವರು ಸೋತರು. ಪುಸ್ತಕದಲ್ಲಿ ಹೆಸರಿರುವುದು ಬೇರೆ, ರೋಗಿಯ ಹಾಸಿಗೆಯ ಪಕ್ಕದಲ್ಲಿರುವುದು ಬೇರೆ ಎಂದು ಅಲ್ಲಿನ ನರ್ಸುಗಳಿಗೂ ಅನ್ನಿಸಿರಬಹುದು.

ತಿರಸ್ಕಾರವಾದ ಮೇಲೆ ಆಕೆ ಸುಮ್ಮನೆ ಕೂಡಲಿಲ್ಲ. ಅಲ್ಲಿನ ವಕೀಲರೊಬ್ಬರನ್ನು ಹಿಡಿದು ನ್ಯಾಯಾಲಯಕ್ಕೆ ಹೋದಳು. ನಾನು ಇತ್ತ ಮಂಗಳೂರಿನಲ್ಲೇ ವಕೀಲನಾಗಿರುವ ನನ್ನ ಇನ್ನೊಬ್ಬ ಹಳೆಯ ವಿದ್ಯಾರ್ಥಿಯ ಬಳಿಗೆ ಓಡಿದೆ. ಆತನನ್ನು ಒಂದು ಕಾಲದಲ್ಲಿ ಬೆಂಚಿನ ಮೇಲೆ ನಿಲ್ಲಿಸಿದ್ದೆ. ಈಗ ಆತ ನನ್ನನ್ನು ಕುಳ್ಳಿರಿಸಿ, ಚಾ ತರಿಸಿ, ಎರಡು ಗಂಟೆ ಪಾಠ ಮಾಡಿದ. ಅದರಲ್ಲಿ ನೆನಪಿರುವಷ್ಟನ್ನು ಬರೆಯುತ್ತೇನೆ.

ಮೊದಲನೆಯದಾಗಿ, ನಾಮಪತ್ರ ತಿರಸ್ಕಾರವಾದ ಮಾತ್ರಕ್ಕೆ ನ್ಯಾಯಾಲಯ ನಡುವೆ ಕೈಹಾಕಿ ಚುನಾವಣೆ ನಿಲ್ಲಿಸುವುದು ಅಪರೂಪ. ಇದಕ್ಕೆ ಮೂಲ 1952ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಕೊಟ್ಟ ಪೊನ್ನುಸ್ವಾಮಿ ಪ್ರಕರಣದ ತೀರ್ಪು. ನಾಮಕ್ಕಲ್ಲಿನಲ್ಲಿ ಮದ್ರಾಸ್ ವಿಧಾನಸಭೆಗೆ ನಿಂತವರೊಬ್ಬರ ನಾಮಪತ್ರ ತಿರಸ್ಕಾರವಾಗಿತ್ತು. ಚುನಾವಣೆ ಮುಗಿಯಲಿ, ಆಮೇಲೆ ತಕರಾರು ಅರ್ಜಿ ಹಾಕು ಎಂದಿತು ನ್ಯಾಯಾಲಯ. ಅದು ಶಾಸನಸಭೆಗಳ ಚುನಾವಣೆಗೆ ಸಂವಿಧಾನವೇ ಹಾಕಿದ ಕಟ್ಟು. ಆದರೂ ಕೌನ್ಸಿಲು, ಸೊಸೈಟಿಗಳ ಚುನಾವಣೆಯಲ್ಲಿಯೂ ನ್ಯಾಯಾಲಯಗಳು ಸಾಮಾನ್ಯವಾಗಿ ಅದೇ ಎಚ್ಚರಿಕೆಯನ್ನು ಪಾಲಿಸುತ್ತವೆ. ನಾಮಕ್ಕಲ್ ಆಗ ನಮ್ಮದೇ ರಾಜ್ಯ ಎಂಬುದು ಹೊಳೆದು ನನಗೆ ವಿಚಿತ್ರವೆನಿಸಿತು. ಆ ತೀರ್ಪು ಬಂದಾಗ ಅಕ್ಕ ಮದ್ರಾಸಿನಲ್ಲಿ ಬ್ಯಾಂಡೇಜು ಕಟ್ಟಲು ಕಲಿಯುತ್ತಿದ್ದಳು.

ಎರಡನೆಯದು, ಆಯ್ಕೆಯಾಗಿ ಕುಳಿತವರ ಅರ್ಹತೆಯನ್ನು ಪ್ರಶ್ನಿಸುವುದು. ಅದಕ್ಕೆ ‘ಕೋ ವಾರಂಟೋ’ ಎಂಬ ರಿಟ್ ಇದೆ. ‘ಯಾವ ಅಧಿಕಾರದಿಂದ ಈ ಕುರ್ಚಿಯಲ್ಲಿ ಕುಳಿತಿದ್ದೀಯೆ?’ ಎಂದು ಕೇಳುವ ಲ್ಯಾಟಿನ್ ಮಾತು. ಈ ವಿಷಯದಲ್ಲಿ ದೇಶದ ನ್ಯಾಯಾಲಯಗಳು ಇಂದಿಗೂ ಉಲ್ಲೇಖಿಸುವ ತೀರ್ಪು ನಮ್ಮ ರಾಜ್ಯದ್ದೇ ಎಂದು ಆತ ಹೇಳಿದಾಗ ನಾನು ಕುರ್ಚಿಯಲ್ಲಿ ಮುಂದಕ್ಕೆ ಬಾಗಿದೆ. ಮೈಸೂರು ವಿಶ್ವವಿದ್ಯಾನಿಲಯ ಮತ್ತು ಸಿ. ಡಿ. ಗೋವಿಂದರಾವ್ ಅವರ ನಡುವಿನ 1963ರ ಪ್ರಕರಣ. ಅದೂ ಇಂಗ್ಲಿಷ್ ಮೇಷ್ಟ್ರ ಹುದ್ದೆಗಾಗಿ! ಅಣ್ಣಯ್ಯಗೌಡರನ್ನು ಇಂಗ್ಲಿಷ್ ರೀಡರ್ ಆಗಿ ನೇಮಿಸಿದ್ದು ಸರಿಯಲ್ಲ ಎಂಬುದು ತಕರಾರು. ಎಂ.ಎ.ಯಲ್ಲಿ ಮೊದಲ ದರ್ಜೆ ಅಥವಾ ‘ಹೈ ಸೆಕೆಂಡ್ ಕ್ಲಾಸ್’ ಇರಬೇಕು, ಇಲ್ಲವೇ ಅದಕ್ಕೆ ಸಮನಾದ ವಿದೇಶಿ ಪದವಿ ಇರಬೇಕು ಎಂದಿತ್ತು ಅರ್ಹತೆ. ಅವರಿಗೆ ಇಲ್ಲಿ ಸಿಕ್ಕ ಅಂಕ ಶೇಕಡಾ 50ಕ್ಕಿಂತ ಕೂದಲೆಳೆಯಷ್ಟು ಹೆಚ್ಚು. ಆದರೆ ಅವರಲ್ಲಿ ಇಂಗ್ಲೆಂಡಿನ ಡರ್ಹಾಮ್ ವಿಶ್ವವಿದ್ಯಾನಿಲಯದ ಎಂ.ಎ. ಇತ್ತು. ಮೈಸೂರು ಹೈಕೋರ್ಟು ನೇಮಕವನ್ನು ರದ್ದು ಮಾಡಿತು, ಸುಪ್ರೀಂ ಕೋರ್ಟು ಹೈಕೋರ್ಟಿನ ಆ ಆದೇಶವನ್ನು ತಳ್ಳಿಹಾಕಿತು. ತೀರ್ಪು ಬರೆದ ನ್ಯಾಯಮೂರ್ತಿ ಗಜೇಂದ್ರಗಡಕರರು ಹೇಳಿದ್ದರ ಸಾರ ಇಷ್ಟು: ಹುದ್ದೆ ಸಾರ್ವಜನಿಕವಾಗಿರಬೇಕು, ಅದರಲ್ಲಿ ಕುಳಿತವನಿಗೆ ಕಾನೂನಿನ ಆಧಾರ ಇಲ್ಲವೆಂಬುದು ಸ್ಪಷ್ಟವಾಗಬೇಕು, ಆಗ ಮಾತ್ರ ನ್ಯಾಯಾಲಯ ಅವನನ್ನು ಎಬ್ಬಿಸಬಹುದು. ಯಾವ ಪದವಿ ಯಾವುದಕ್ಕೆ ಸಮ ಎಂಬಂಥ ಪ್ರಶ್ನೆಯಲ್ಲಿ ವಿದ್ವಾಂಸರ ಸಮಿತಿ ತೀರ್ಮಾನಿಸಿದ ಮೇಲೆ ನ್ಯಾಯಾಲಯ ಸುಲಭವಾಗಿ ಕೈಹಾಕಬಾರದು.

ಅಣ್ಣಯ್ಯಗೌಡರ ‘ಲಿಟರರಿ ಹಾಫ್-ಇಯರ್ಲಿ’ ಪತ್ರಿಕೆಯ ಹಳೆಯ ಸಂಚಿಕೆಗಳನ್ನು ನಾನು ಓದಿದ್ದುಂಟು. ಅದರ ಸಂಪಾದಕರನ್ನು ಕುರ್ಚಿಯಿಂದ ಎಬ್ಬಿಸಲು ಸುಪ್ರೀಂ ಕೋರ್ಟಿನವರೆಗೆ ವ್ಯಾಜ್ಯ ನಡೆದಿತ್ತೆಂದು ನನಗೆ ಅದುವರೆಗೆ ತಿಳಿದಿರಲಿಲ್ಲ.

ಮೂರನೆಯದನ್ನು ಹೇಳುವಾಗ ವಕೀಲ ಮಹಾಶಯ ಸ್ವಲ್ಪ ದನಿ ತಗ್ಗಿಸಿದ. “ಸರ್, ಅಷ್ಟೆಲ್ಲ ಮಾಡಿ, ಅಲ್ಲಿ ಕುಳಿತವರು ಅನರ್ಹರೆಂದು ಸಾಬೀತಾದರೂ ಅವರು ಆ ತನಕ ಮಾಡಿದ ಕೆಲಸ ಸಾಮಾನ್ಯವಾಗಿ ಬಿದ್ದುಹೋಗುವುದಿಲ್ಲ.” ಗೋಕರಾಜು ರಂಗರಾಜು ಎಂಬವರ ಪ್ರಕರಣದಲ್ಲಿ 1981ರಲ್ಲಿ ಸುಪ್ರೀಂ ಕೋರ್ಟು ಹಾಗೆಂದಿದೆಯಂತೆ. ಅಲ್ಲಿ ನ್ಯಾಯಾಧೀಶರ ನೇಮಕವೇ ತಪ್ಪಾಗಿತ್ತು, ಅವರು ಕೊಟ್ಟ ತೀರ್ಪುಗಳು ಮಾತ್ರ ಉಳಿದವು. ಇದರಲ್ಲಿ ನ್ಯಾಯವಿದೆ ಎಂದು ಒಪ್ಪುತ್ತೇನೆ. ಕೌನ್ಸಿಲಿನ ಒಬ್ಬ ಸದಸ್ಯನಿಗೆ ಅರ್ಹತೆ ಇರಲಿಲ್ಲವೆಂದು ಐದು ವರ್ಷದಲ್ಲಿ ಹೆಸರು ನೋಂದಾಯಿಸಿಕೊಂಡ ಸಾವಿರಾರು ಹುಡುಗಿಯರ ಪ್ರಮಾಣಪತ್ರ ರದ್ದಾದರೆ ಗತಿಯೇನು? ಆದರೆ ಇದರಿಂದ ಕುರ್ಚಿಯಲ್ಲಿ ಹೇಗೋ ಒಮ್ಮೆ ಕುಳಿತುಬಿಟ್ಟರೆ ಆಯಿತು ಎಂಬ ಧೈರ್ಯವೂ ಕೆಲವರಿಗೆ ಬರುತ್ತದೆ.

ಒಂದು ಕುರ್ಚಿಗೆ ಇಷ್ಟೇಕೆ ಎಂದು ಕೇಳುವವರು ಕಂಕನಾಡಿಯಿಂದ ದೇರಳಕಟ್ಟೆಯವರೆಗೆ ಒಮ್ಮೆ ಬಸ್ಸಿನಲ್ಲಿ ಹೋಗಿ ನೋಡಬೇಕು. ಅಕ್ಕನ ಕಾಲಕ್ಕೆ ತರಬೇತಿಗೆ ಮದ್ರಾಸಿಗೆ ಹೋಗಬೇಕಿತ್ತು. ಇಂದು ಕೇರಳದಿಂದ ನರ್ಸಿಂಗ್ ಕಲಿಯಲು ಮಕ್ಕಳು ಮಂಗಳೂರಿಗೆ ಬರುತ್ತಾರೆ. ಯಾವ ಕಾಲೇಜಿನಲ್ಲಿ ಎಷ್ಟು ಸೀಟು, ಎಷ್ಟು ಹಾಸಿಗೆಯ ಆಸ್ಪತ್ರೆ ಇರಬೇಕು, ತಪಾಸಣೆಗೆ ಯಾರು ಬರಬೇ­ಕು, ಯಾರ ಹೆಸರು ರಿಜಿಸ್ಟರಿನಲ್ಲಿ ಉಳಿಯಬೇಕು, ಇವೆಲ್ಲ ಇಂಥ ಕೌನ್ಸಿಲುಗಳ ಮೇಜಿನ ಮುಂದೆ ಬರುವ ವಿಷಯಗಳು. 2017ರಲ್ಲಿ ಕಾಲೇಜುಗಳಿಗೆ ಮಾನ್ಯತೆ ಕೊಡುವ ಅಧಿಕಾರ ದಿಲ್ಲಿಯ ಕೌನ್ಸಿಲಿಗೋ ರಾಜ್ಯಕ್ಕೋ ಎಂಬ ವ್ಯಾಜ್ಯ ಕರ್ನಾಟಕ ಹೈಕೋರ್ಟಿನ ಮುಂದಿತ್ತು. ಆಗ ನಮ್ಮ ಪಕ್ಕದ ಮನೆಯಲ್ಲಿ ಬಾಡಿಗೆಗಿದ್ದ ಹುಡುಗಿಯರ ತಂದೆತಾಯಿಯರು ದೂರದೂರಿನಿಂದ ದಿನಕ್ಕೆರಡು ಸಲ ಕರೆ ಮಾಡುತ್ತಿದ್ದರು. ವಿದೇಶಕ್ಕೆ ಹೋಗುವಾಗ ಯಾವ ಮಾನ್ಯತೆ ಕೇಳುತ್ತಾರೋ ಎಂಬ ಹೆದರಿಕೆ ಅವರಿಗೆ. ಮಗಳನ್ನು ಓದಿಸಲು ಸಾಲ ಮಾಡಿದವರಿಗೆ ಮೇಜಿನ ಆಚೆ ಯಾರು ಕುಳಿತಿದ್ದಾರೆಂಬುದು ಸಣ್ಣ ಸಂಗತಿಯಲ್ಲ.

ಆಕೆಯ ಪ್ರಕರಣ ವಕೀಲ ಹೇಳಿದ ದಾರಿಯಲ್ಲೇ ನಡೆಯಿತು. ಚುನಾವಣೆ ಆರಂಭವಾಗಿದೆ, ನಡುವೆ ಬರಲಾಗದು, ನಿಯಮದಲ್ಲಿ ಹೇಳಿದವರ ಮುಂದೆ ತಕರಾರು ಸಲ್ಲಿಸಿ ಎಂದು ನ್ಯಾಯಾಲಯ ಹೇಳಿತು. ಇಂಥ ಕಾನೂನುಗಳಲ್ಲಿ ಬಹುಮಟ್ಟಿಗೆ, ಚುನಾವಣೆಯ ತಕರಾರನ್ನು ಸರ್ಕಾರಕ್ಕೆ ಒಪ್ಪಿಸಬೇಕು, ಅದರ ತೀರ್ಮಾನವೇ ಅಂತಿಮ ಎಂಬ ಸಾಲೊಂದು ಇರುತ್ತದೆ. ಆಕೆ ಒಪ್ಪಿಸಿದಳು. ಕಡತ ಒಂದು ಮೇಜಿನಿಂದ ಇನ್ನೊಂದಕ್ಕೆ ಹೋಯಿತು, ಅಧಿಕಾರಿಗಳು ಬದಲಾದರು, ಮತ್ತೆ ಮೊದಲಿನಿಂದ ವಿಚಾರಣೆಯಾಯಿತು. ವರ್ಗಾವಣೆಯ ಪ್ರಮಾಣಪತ್ರ ಮಾತ್ರ ಚುನಾವಣೆ ಮುಗಿದ ಮೂರನೆಯ ವಾರಕ್ಕೆ ಅಂಚೆಯಲ್ಲಿ ಬಂದಿತ್ತು. 2018ರಲ್ಲಿ ಆ ಕೌನ್ಸಿಲಿನ ಐದು ವರ್ಷದ ಅವಧಿಯೇ ಮುಗಿಯಿತು. ಇನ್ನು ತೀರ್ಮಾನಿಸಲು ಏನೂ ಉಳಿದಿಲ್ಲ ಎಂದು ಕಡತ ಮುಚ್ಚಿದರು. ಆಕೆ ಸೋಲಲೂ ಇಲ್ಲ, ಗೆಲ್ಲಲೂ ಇಲ್ಲ. ವಕೀಲರ ಖರ್ಚಿಗೆ ಅಡವಿಟ್ಟ ಎರಡು ಬಳೆಗಳನ್ನು ಬಿಡಿಸಿಕೊಳ್ಳಲು ಮತ್ತೂ ಒಂದು ವರ್ಷ ಹಿಡಿಯಿತು.

ಆಕೆ ಕೇಳಿದ ಹೊಸ ಕಾನೂನು 2023ರ ಆಗಸ್ಟಿನಲ್ಲಿ ಪಾರ್ಲಿಮೆಂಟಿನ ಒಪ್ಪಿಗೆ ಪಡೆದ ರಾಷ್ಟ್ರೀಯ ನರ್ಸಿಂಗ್ ಮತ್ತು ಮಿಡ್‌ವೈಫರಿ ಆಯೋಗದ ಕಾಯಿದೆ. 1947ರ ಕಾಯಿದೆಯನ್ನು ತೆಗೆದು ಅದರ ಜಾಗಕ್ಕೆ ಇದನ್ನು ತರಬೇಕೆಂಬುದು ಉದ್ದೇಶ. ನಾನು ಅದನ್ನು ಓದಿದ್ದೇನೆ, ಈ ಸಲ ಮೊದಲ ಪುಟದಿಂದ ಕೊನೆಯ ಪುಟದವರೆಗೆ. ಆಯೋಗದಲ್ಲಿ 29 ಮಂದಿ. ಅಧ್ಯಕ್ಷರಾಗುವವರು ನರ್ಸಿಂಗಿನಲ್ಲಿ ಸ್ನಾತಕೋತ್ತರ ಪದವಿ ಪಡೆದಿರಬೇಕು, ಕನಿಷ್ಠ 20 ವರ್ಷದ ಅನುಭವ ಇರಬೇಕು. ಇದು ಒಳ್ಳೆಯದಾಯಿತು, ಇನ್ನು ಆ ಕುರ್ಚಿ ನರ್ಸಿನದೇ. ಆದರೆ ಅವರನ್ನು ಆರಿಸುವುದು ನರ್ಸುಗಳ ಮತದಿಂದಲ್ಲ. ಶೋಧನಾ ಸಮಿತಿಯೊಂದು ಹೆಸರು ಸೂಚಿಸುತ್ತದೆ, ಸರ್ಕಾರ ನೇಮಿಸುತ್ತದೆ. ನಾಮಪತ್ರ ತಿರಸ್ಕಾರದ ಜಗಳ ಇದರಿಂದ ತಪ್ಪಬಹುದು. ಆದರೆ ‘ಅಸಾಧಾರಣ ಸಾಮರ್ಥ್ಯ’ ಎಂಬಂಥ ಮಾತುಗಳು ಅರ್ಹತೆಯ ಪಟ್ಟಿಯಲ್ಲಿವೆ. ಒಂದು ‘ಎ’ ಅಕ್ಷರದ ಅರ್ಥವನ್ನೇ ಸರಿಯಾದ ಕಡೆ ಹುಡುಕಲಾಗದ ನಾನು ‘ಅಸಾಧಾರಣ’ದ ಅರ್ಥವನ್ನು ಯಾರಿಗೂ ಹೇಳಲು ಹೋಗುವುದಿಲ್ಲ. ನ್ಯಾಯಾಲಯಗಳಿಗೆ ಅಲ್ಲಿ ಕೆಲಸವಿದೆ ಎಂದು ಮಾತ್ರ ತೋರುತ್ತದೆ.

ಅಂದು ಆಕೆಯ ಮಗಳಿಗೆ ತೋರಿಸಲೆಂದು ಅಕ್ಕನ ಪ್ರಮಾಣಪತ್ರವನ್ನು ಕಪಾಟಿನಿಂದ ತೆಗೆದೆ. ಅಕ್ಕ ತೀರಿಕೊಂಡು ಹದಿನಾರು ವರ್ಷವಾಯಿತು. ಮಡಿಕೆಯಲ್ಲಿ ಹರಿದ ಕಾಗದ, ಮೇಲೆ ಮದ್ರಾಸ್ ನರ್ಸುಗಳ ಮತ್ತು ಸೂಲಗಿತ್ತಿಯರ ಕೌನ್ಸಿಲಿನ ಹೆಸರು, ನಾಲ್ಕಂಕಿಯ ಸಂಖ್ಯೆ. ಹುಡುಗಿ ಅದನ್ನು ಎರಡೂ ಕೈಯಲ್ಲಿ ಹಿಡಿದು ಓದಿದಳು. ಈಗ ದೇಶಕ್ಕೆಲ್ಲ ಒಂದೇ ಸಂಖ್ಯೆ ಕೊಡುತ್ತಾರೆ, ಆಧಾರಿಗೆ ಜೋಡಿಸಿರುತ್ತದೆ, ಅಮ್ಮನಿಗೆ ಬಂದಿದೆ ಎಂದು ಹೇಳಿ ತಾಯಿಯ ಮೊಬೈಲಿನಲ್ಲಿ ತೋರಿಸಿದಳು. “ಹಾಗಾದರೆ ಊರು ಬಿಟ್ಟು ಊರಿಗೆ ಹೋದರೆ ಹೆಸರು ಹಿಂದೆ ಉಳಿಯುವುದಿಲ್ಲವೇ?” ಎಂದು ಕೇಳಿದೆ. “ರಾಜ್ಯದ ರಿಜಿಸ್ಟರು ಬೇರೆ ಇದೆ ಸರ್, ಅದಕ್ಕೂ ಹೋಗಬೇಕು” ಎಂದಳು ತಾಯಿ.

ಆಗ ನಾನು, ಅಷ್ಟು ವರ್ಷ ಗಂಟಲಲ್ಲೇ ಉಳಿದಿದ್ದನ್ನು ಹೇಳಿದೆ. ಅಂದು ನಾನು ತಪ್ಪು ಕಾಯಿದೆ ಓದಿದೆ, ಆ ಒಂಬತ್ತು ದಿನಗಳನ್ನು ಹಾಳು ಮಾಡಿದವನು ನಾನು ಎಂದೆ.

ಆಕೆ ತಲೆ ತಗ್ಗಿಸಿ ಸೀರೆಯ ಸೆರಗನ್ನು ಬೆರಳಿಗೆ ಸುತ್ತಿಕೊಂಡಳು. ಎಂಟನೆಯ ತರಗತಿಯಲ್ಲಿಯೂ ಉತ್ತರ ಗೊತ್ತಿದ್ದು ಹೇಳಲು ಮನಸ್ಸಿಲ್ಲದಾಗ ಹೀಗೆಯೇ ಲಂಗದ ಅಂಚನ್ನು ಸುತ್ತಿಕೊಳ್ಳುತ್ತಿದ್ದಳು.

“ಅದು ನನಗೆ ಪರಿಶೀಲನೆಯ ದಿನವೇ ಗೊತ್ತಾಗಿತ್ತು ಸರ್” ಎಂದಳು. “ನಿಮಗೆ ಹೇಳಿದರೆ ಬೇಸರ ಮಾಡಿಕೊಳ್ಳುತ್ತೀರಿ ಅಂತ ಸುಮ್ಮನಿದ್ದೆ. ಚಾ ಆರಿ ಹೋಯಿತು ನೋಡಿ, ಕೊಡಿ, ಬಿಸಿ ಮಾಡಿ ತರುತ್ತೇನೆ.”